ನಿಶಾನೆ ಮೂರು

ಚಿಂತಾಮಣಿಯ ನನ್ನ ಐಸ್ ಫ್ಯಾಕ್ಟರಿಯ ಮೀಟರು
ಕೋರಾ ಬಟ್ಟೆಯ ಚೀಲದೊಳಗೆ, ಅರಗಿನ ಮುದ್ರೆಯಡಿ,
ಒಂಬತ್ತು ವರ್ಷದಿಂದ ಕೋರ್ಟಿನ ಬೀರುವಿನಲ್ಲಿದೆ.
ಅದರ ಹೆಸರೀಗ ನಿಶಾನೆ ಮೂರು.

ಮಂಜೂರಾದ ಲೋಡು ನಲವತ್ತು ಎಚ್.ಪಿ.,
ಎಳೆದದ್ದು ಐವತ್ತೆರಡು, ಎನ್ನುತ್ತದೆ ಮಹಜರು.
ದಂಡ, ದಂಡಕ್ಕೆ ಬಡ್ಡಿ, ಬಡ್ಡಿ ಕಟ್ಟದ್ದಕ್ಕೆ ನೋಟೀಸು.
ಸಾಕ್ಷಿ ಎದುರು ಹೋಟೆಲಿನ ಮುನಿಶಾಮಪ್ಪ:
ದೋಸೆಹಿಟ್ಟಿನ ಕೈ ಒರೆಸಿಕೊಂಡು ಬಂದು
ಏನು ಎತ್ತ ಕೇಳದೆ ಹೆಬ್ಬೆಟ್ಟು ಒತ್ತಿ,
ಕಾವಲಿ ಸೀಯುತ್ತಿದೆಯೆಂದು ಓಡಿದ.

‘ಆ ಹನ್ನೆರಡು ಎಚ್.ಪಿ. ಎಲ್ಲಿಗೆ ಹೋಯಿತು, ಇನಾಯತ್ ಸಾಬರೆ?’
ಕಂಪನಿಯ ವಕೀಲರು ಕನ್ನಡಕ ಒರೆಸುತ್ತಾ ಕೇಳಿದರು.

ಏನು ಹೇಳಲಿ ಸ್ವಾಮಿ.
ಆ ಏಪ್ರಿಲ್ಲಿನಲ್ಲಿ ಊರಿಗೆ ಊರೇ ಕಾದ ಕಬ್ಬಿಣ.
ಕೈವಾರದ ಮಗಳು ಬಂದು ಮುಖ ನೋಡುವವರೆಗೆ
ಹೆಣ ಕೆಡಬಾರದು ಅಂತ
ನಡುರಾತ್ರಿ ಷಟರು ಬಡಿಯುವರು.
ಎರಡನೇ ಕಂಪ್ರೆಸರು ಹಾಕಿದೆ.
ಹೊಟ್ಟು ಸುತ್ತಿದ ದಿಮ್ಮಿಗಳನ್ನು ನಾನೇ ಹೊತ್ತು ಆಟೋಗೆ ಏರಿಸಿದೆ.
ಸಾವಿನ ಮನೆಗೆ ಯಾರು ರಶೀದಿ ಹರಿಯುತ್ತಾರೆ?

ಎಲ್ಲವೂ ಹೆಣಕ್ಕಲ್ಲ, ಸುಳ್ಳೇಕೆ.
ಅರ್ಧಕ್ಕರ್ಧ ಮೀನಿನ ಮಂಡಿಗೆ ಹೋಯಿತು;
ಆ ದುಡ್ಡು ತಿಂದಿದ್ದೇನೆ.
ಯಾವ ದಿಮ್ಮಿ ಮೀನಿಗೆ, ಯಾವುದು ಮನುಷ್ಯರಿಗೆ
ಅಂತ ಮೀಟರು ಬರೆದುಕೊಳ್ಳಲಿಲ್ಲ, ನಾನೂ ಬರೆದುಕೊಳ್ಳಲಿಲ್ಲ.

‘ದಾಖಲೆ?’

ದಾಖಲೆ ಅವತ್ತೇ ಮೋರಿಗೆ ಹರಿಯಿತು.

ಮುಂದಿನ ವಾಯಿದೆ ಜೂನ್ ಹದಿನಾಲ್ಕು.
ಹೊರಡುವಾಗ ಬೀರು ತೆರೆದಿತ್ತು.
ಚೀಲದ ಒಂದು ಮೂಲೆ ಇಲಿ ಕಡಿದಿದೆ.
ಗುಮಾಸ್ತ ಗದರುವ ಮೊದಲು
ಬೆರಳು ತೂರಿಸಿ ಮುಟ್ಟಿದೆ.

ತಣ್ಣಗಿತ್ತು.