ರದ್ದಿ ಪಟ್ಟಿಗೆ ಒಂದು ಟಿಪ್ಪಣಿ

ಅನುಕ್ರಮ ಸಂಖ್ಯೆ ನಲವತ್ತೊಂದು, ಸರ್.
ಕಟ್ಟಡಗಳ ತತ್ವಶಾಸ್ತ್ರ. ದಪ್ಪ ರಟ್ಟು, ಬೆನ್ನು ಹರಿದದ್ದು.
‘ಕಾರಣ’ದ ಕಾಲಮ್ಮಿನಲ್ಲಿ ನೀವೇ
ಪೆನ್ಸಿಲ್ಲಿನಲ್ಲಿ ಬರೆದಿಟ್ಟಿದ್ದೀರಿ: ಹುಳ.
ನಾನು ಅದರ ಮೇಲೆ ಶಾಯಿ ತಿದ್ದಿದರೆ ಸಾಕಿತ್ತು.

ತಿದ್ದುವ ಮುಂಚೆ ತೆರೆದೆ.
ಮುನ್ನುಡಿಯಲ್ಲಿ ಇಳಿದಿದೆ ಹುಳ, ಸೂಜಿಮೊನೆಯಷ್ಟು ಬಾಯಿ.
‘ವಾಸಿಸುವುದು ಎಂದರೇನು’ ಎಂಬ ಅಧ್ಯಾಯದ ನಡು ಕೊರೆದು,
ಅಳತೆಗಳ ಅಧ್ಯಾಯದಲ್ಲಿ ತೋಳು ಚಾಚಿ ನಿಂತ ಗಂಡಸಿನ
ಹೊಕ್ಕುಳು ಹಾದು,
ನೂರಾ ಹದಿನೇಳನೇ ಪುಟದಲ್ಲಿ ಅಡ್ಡ ಹೊರಳಿದೆ.
ಅಲ್ಲಿಂದ ಮುಂದೆ ಸಮತಟ್ಟು, ಇದ್ದೂ ಇಲ್ಲದಂಥ ಇಳಿಜಾರು,
ನಾಲ್ಕು ಬೆರಳಿಗೊಮ್ಮೆ ಮೇಲಕ್ಕೊಂದು ಕಿಂಡಿ.

ಇದನ್ನು ನಾನು ಕಂಡಿದ್ದೇನೆ.
ನೌಬಾದಿನ ಬಯಲಲ್ಲಿ, ಮುಳ್ಳುಕಂಟಿ ಸರಿಸಿ,
ಬೋರಲು ಮಲಗಿ ಕರೇಜಿನ ಬಾವಿಯೊಳಗೆ ಇಣುಕಿದಾಗ.
ಜಂಬಿಟ್ಟಿಗೆಯ ಹೊಟ್ಟೆ ಸೀಳಿ
ಕತ್ತಲಲ್ಲಿ ನೀರು ನಡೆಸಿದವರು
ಉಸಿರಿಗೆಂದು ಬಿಟ್ಟ ಸಾಲು ಸಾಲು ಬಾಯಿ.
ಒಂದರಲ್ಲಿ ಬಾವಲಿ, ಒಂದರಲ್ಲಿ ಪಾರಿವಾಳ,
ಒಂದರಲ್ಲಿ ಯಾರದೋ ಎಡಗಾಲ ಚಪ್ಪಲಿ.

ಪುಸ್ತಕದ ಕೊನೆಗೆ ಪ್ರಾಣಿಗಳ ಮೇಲೂ ಒಂದು ಅಧ್ಯಾಯವಿದೆ.
ಬರೀ ಆರು ಪುಟ.
ಪೀಠ ಹೊರುವ ಆನೆ, ಬಾಗಿಲು ಕಾಯುವ ಸಿಂಹ,
ಮಳೆನೀರು ಉಗುಳುವ ಮೊಸಳೆಮೂತಿ.
ಎಲ್ಲರಿಗೂ ಕೆಲಸವಿದೆ, ಒಬ್ಬರೂ ಮಲಗಿಲ್ಲ.
ನಮ್ಮ ಶರ್ಜಾ ದರ್ವಾಜದ ಹುಲಿಗಳದ್ದೂ ಅದೇ ಪಾಡು,
ನಾನು ಫ್ರಾಕು ಹಾಕುವಾಗ ಎತ್ತಿದ ಪಂಜ
ಇನ್ನೂ ಕೆಳಗಿಟ್ಟಿಲ್ಲ.
ಮೊನ್ನೆ ನೋಡಿದರೆ, ಒಂದರ ಕಿವಿಯ ಹಿಂದೆ
ಕಣಜದ ಹುಳ ಮಣ್ಣಿನ ಮನೆ ಕಟ್ಟಿತ್ತು.
ಐದು ಕೋಣೆ. ನಕ್ಷೆ ಇಲ್ಲ, ಮಂಜೂರಾತಿ ಇಲ್ಲ.
ಹುಲಿಗೆ ಮೊದಲ ಸಲ ಯಾರೋ ಗುಟ್ಟು ಹೇಳಿದ ಹಾಗಿತ್ತು.

ಕಿಟಕಿ ರಿಪೇರಿಗೆ ಬಂದ ಮೈನೋದ್ದೀನ್ ಮೇಸ್ತ್ರಿ
ಪುಸ್ತಕ ಬೆಳಕಿಗೆ ಹಿಡಿದು ಒಂದು ಕಣ್ಣು ಮುಚ್ಚಿದ.
ಮದರಸಾದ ಮಿನಾರಿಗೆ ಗಾರೆ ಹಚ್ಚಿದ ಕೈ ಅದು.
ಅಲ್ಲಿ ಸಾವಿರಾರು ಪುಸ್ತಕ ಇದ್ದವಂತೆ, ಮದ್ದು ಸಿಡಿದು
ಅರ್ಧ ಕಟ್ಟಡವೇ ಹೋಯಿತಂತೆ.
ಈಗ ನೀಲಿ ಹೆಂಚಿನ ಚೂರುಗಳ ನಡುವೆ
ಗೋಡೆಯ ತೂತು ತೂತಲ್ಲಿ ಗಿಣಿಗಳು,
ಸಂಜೆಗೆ ಪಾಠ ಒಪ್ಪಿಸುವ ಗದ್ದಲ.

“ತೂತು ಯಾಕ ಬಿಟ್ಟಾರ?” ಅಂದೆ.
“ಸಾರವೆ ಕಟ್ಲಿಕ್ಕ, ಬಾಯಿ. ಕೆಲಸ ಮುಗದ ಮ್ಯಾಲೂ ಮುಚ್ಚಂಗಿಲ್ಲ.”
“ಯಾಕ?”
“ಮತ್ತ ಹತ್ತಬೇಕಂದ್ರ ನಮಗ.
ಹತ್ತಲಿಲ್ಲಂದ್ರ ಗಿಣಿಗೆ.”
ಇಷ್ಟು ಹೇಳಿ ಕಿಟಕಿಗೆ ಹೋದ, ಸಿಮೆಂಟು ಒಣಗುತ್ತಿತ್ತು.

ಸರ್, ‘ವಾಸಿಸುವುದು ಎಂದರೇನು’ ಎಂಬಲ್ಲಿ
ನಲವತ್ತು ಪುಟ ಓದಿಯೂ ನನಗೆ ತಿಳಿದದ್ದು ಕಡಿಮೆ.
ಹಿಂದಿನ ಚೀಟಿಯ ಮೇಲೆ ಕೊನೆಯ ಮುದ್ರೆ
ತೊಂಬತ್ತಾರರ ಆಗಸ್ಟ್.
ಅಲ್ಲಿಂದೀಚೆಗೆ ಇದನ್ನು ಮೊದಲಿನಿಂದ ಕೊನೆಯವರೆಗೆ
ಹಾದುಹೋದದ್ದು ಒಂದೇ ಜೀವ.
ಅದೂ ಸಿಗಲಿಲ್ಲ. ಕೊನೆಯ ಪುಟ ಕೊಡವಿದರೆ
ನಶ್ಯದಂಥ ಸಣ್ಣ ಪುಡಿ,
ಜಂಬಿಟ್ಟಿಗೆಯ ಬಣ್ಣ.

ನಿಮ್ಮ ಪೆನ್ಸಿಲ್ ಅಕ್ಷರ ಅಳಿಸಿದ್ದೇನೆ. ಕ್ಷಮಿಸಿ.
ಪಟ್ಟಿಯಲ್ಲಿ ಒಂದು ಕಮ್ಮಿ ಬೀಳಬಾರದೆಂದು
ನಲವತ್ತೊಂದಕ್ಕೆ ಹಳೆಯ ಕಾಮಗಾರಿ ದರಪಟ್ಟಿ ಸೇರಿಸಿದ್ದೇನೆ.
ರಟ್ಟು ಗಟ್ಟಿ, ಬೆನ್ನು ಸರಿಯಿದೆ, ಪುಟಗಳೆಲ್ಲ ಪೂರ್ತಿ.
ಅದನ್ನು ಹುಳವೂ ಮುಟ್ಟಿಲ್ಲ.

— ಸುಭದ್ರಾ ಮೇತ್ರೆ, ಗ್ರಂಥಪಾಲಕಿ, ಬೀದರ