ಒಂಟಿ ಚಪ್ಪಲಿ

ಎಂಟಕ್ಕೆ ಹತ್ತು ನಿಮಿಷ. ಮೆಜೆಸ್ಟಿಕ್ಕಿನಲ್ಲಿ
ಮಾರಿಕುಪ್ಪಂ ಗಾಡಿ ನಮ್ಮನ್ನು
ಮೂಟೆ ಬಿಚ್ಚಿದ ಹಾಗೆ ಸುರಿಯಿತು.
ಹಿಂದಿನವಳ ಟಿಫಿನ್ ಡಬ್ಬಿ ನನ್ನ ಬೆನ್ನಿಗೆ,
ನನ್ನ ಮೊಣಕೈ ಯಾರದೋ ಪಕ್ಕೆಗೆ,
ಎಡಗಾಲ ಚಪ್ಪಲಿ
ಗಾಡಿಗೂ ಕಟ್ಟೆಗೂ ನಡುವಿನ ಗೇಣಗಲದ ಕತ್ತಲಿಗೆ.

ಹನ್ನೊಂದು ವರ್ಷದಿಂದ ಇಳಿಯುತ್ತಿದ್ದೇನೆ ಇಲ್ಲಿ.
ನಿಂತದ್ದು ಇವತ್ತೇ.

"ಗಾಡಿ ಹೊರಡ್ಲಿ, ತಾಳಮ್ಮ," ಅಂದಳು
ಹಳಿ ತೊಳೆಯುವ ಮುನಿರತ್ನ,
ಕಿತ್ತಳೆ ಅಂಗಿಯ ಜೇಬಲ್ಲಿ ಎಲೆಅಡಿಕೆ ತಡಕುತ್ತ,
"ಅದಕ್ಕೇನು ಕಾಲು ಬಂದಾವಾ, ಓಡಿ ಹೋಗಕ್ಕೆ?"

ಕಂಬಕ್ಕೊರಗಿ ಕೊಕ್ಕರೆಯ ಹಾಗೆ ನಿಂತೆ.
ಪಕ್ಕದ ಎಕ್ಸ್‌ಪ್ರೆಸ್ಸಿಗೆ ನೀರು ತುಂಬುವ ಹುಡುಗ
ಬೋಗಿಯಿಂದ ಬೋಗಿಗೆ ಪೈಪು ಎಳೆದೆಳೆದು ಹಚ್ಚುತ್ತಿದ್ದ,
ಉಕ್ಕಿದ್ದೆಲ್ಲ ಅವನ ತಲೆಗೇ.
ಸಿದ್ರಾಮಣ್ಣನ ನೆತ್ತಿಯ ಮೇಲೆ ಮೂರು ಸೂಟ್‌ಕೇಸು;
ಹಿಂದೆ ಬರುವ ಯಜಮಾನರ ಕೈಯಲ್ಲಿ ನೀರಿನ ಬಾಟಲಿ,
ಏದುಸಿರು ಮಾತ್ರ ಅವರದೇ.
ಬೀದರ್ ಕಡೆಯ ಸಂಸಾರವೊಂದು ಗೋಣಿತಾಟು ಹಾಸಿ
ರೊಟ್ಟಿ ಮುರಿದು ಹಂಚಿಕೊಳ್ಳುತ್ತಿತ್ತು,
ಅವರ ಕೂಸು
ಕಬ್ಬಿಣದ ಕಂಬಕ್ಕೂ ಶೇಂಗಾ ಹಿಂಡಿ ತಿನ್ನಿಸುತ್ತಿತ್ತು.
ಮೈಕಿನ ಹೆಂಗಸು ಮೂರು ಭಾಷೆಯಲ್ಲಿ
ತಡವಾದದ್ದಕ್ಕೆ ವಿಷಾದಿಸಿದಳು.
ಯಾರೂ ಪರವಾಗಿಲ್ಲ ಬಿಡು ಅನ್ನಲಿಲ್ಲ.
ನಾನು ಅಂದೆ. ಮೆಲ್ಲಗೆ.

ಇಷ್ಟೊತ್ತಿಗೆ ಮೂರನೇ ವಾರ್ಡಿನಲ್ಲಿ
ಸಿಸ್ಟರ್ ಫಿಲೋಮಿನಾ ಹಾಜರಿ ಪುಸ್ತಕ ತೆರೆದು
ನನ್ನ ಹೆಸರಿನೆದುರು
ಕೆಂಪು ಪೆನ್ನಿನ ಮುಚ್ಚಳ ತೆಗೆದಿರುತ್ತಾಳೆ.
ತೆಗೀಲಿ.

ಖಾಲಿ ಗಾಡಿ ಯಾರ್ಡಿನ ಕಡೆ ಜರುಗಿತು.
ಮುನಿರತ್ನ ಇಳಿದಳು, ಕೊಕ್ಕೆಕೋಲಿನಿಂದ ಕೆದಕಿದಳು.
ಒಂದಲ್ಲ, ಆರು!
ಕೂಸಿನದೊಂದು, ಒತ್ತಿದರೆ ಪೀಂ ಅನ್ನುವಂಥದು.
ಮಣಿ ಉದುರಿದ, ಮದುವೆಗೆಂದೇ ಕೊಂಡಂಥದೊಂದು.
ಹಿಮ್ಮಡಿ ಸವೆದು, ಉಂಗುಷ್ಠಕ್ಕೆ ತಂತಿ ಬಿಗಿದ
ಗಂಡಸಿನ ರಬ್ಬರು ಚಪ್ಪಲಿ.
ಇನ್ನು ಮೂರಕ್ಕೆ ಹೇಳಲು ಆಕಾರವೇ ಇರಲಿಲ್ಲ.

ನನ್ನದು ಇಲ್ಲ.

"ಕಾಲು ಬಂದಿತ್ತು ಕಣಮ್ಮ ಅದಕ್ಕೆ,"
ಮುನಿರತ್ನ ನಕ್ಕಳು, ಬಾಯಿ ಕೆಂಪಗೆ,
"ಗಾಡಿಗೆ ಸಿಕ್ಕಿ ಯಾರ್ಡು ನೋಡಕ್ಕೆ ಹೋಗದೆ.
ಇದ್ದದ್ರಾಗೆ ಒಂದು ಮೆಟ್ಕೊಂಡು ನಡಿ.
ನಿಂದು ಸಿಕ್ಕಿದ್ರೆ ಮಡಗಿರ್ತೀನಿ."

ಬಲಗಾಲಿಗೆ ನನ್ನ ಐದನೇ ನಂಬರು,
ಎಡಗಾಲಿಗೆ ಯಾವನದೋ ಒಂಬತ್ತು.
ಅವನ ಹೆಬ್ಬೆರಳು ಒತ್ತಿ ಒತ್ತಿ ತೋಡಿದ ಕುಳಿಯಲ್ಲಿ
ನನ್ನದು ಅರ್ಧವೂ ತುಂಬಲಿಲ್ಲ.
ಅವತ್ತು ಎಲ್ಲಿಯವರೆಗೆ ನಡೆದನೋ
ಒಂದೇ ಕಾಲು ಸುಡಿಸಿಕೊಂಡು.

ಮೇಲ್ಸೇತುವೆ ಹತ್ತಿದೆ.
ಟಪ್, ಪಟಾರ್.
ಟಪ್, ಪಟಾರ್.
ಮುಂದಿದ್ದವರು ತಿರುಗಿ ನೋಡಿ
ದಾರಿ ಬಿಟ್ಟರು.