ಬೆರಕೆ

ಆಗ ಡ್ರಮ್ಮು ಇತ್ತು.
ಎಣಿಕೆಯ ಹಾಲಿನ ನಡುವೆ, ತಗಡಿನದು,
ನನ್ನ ಎದೆಮಟ್ಟ.
ಕುಟ್ಟದ ಪೆಟ್ಟಿಗೆ, ತಿತಿಮತಿಯ ಪೆಟ್ಟಿಗೆ,
ಬಿರುನಾಣಿಯಿಂದ ಒದ್ದೆಯಾಗಿ ಬಂದ ಪೆಟ್ಟಿಗೆ,
ಎಲ್ಲದರ ಅರಗು ಒಡೆದು, ಕಟ್ಟು ಕಟ್ಟಿ, ಒಳಗೆ ಸುರಿದು
ತೋಳು ಮಡಚಿ ಕಲಸುತ್ತಿದ್ದೆವು,
ಮಳೆಗೆ ಮುಂಚೆ ತೋಟಕ್ಕೆ ಗೊಬ್ಬರ ಕಲಸುವವರ ಹಾಗೆ.
"ಚೆನ್ನಾಗಿ ಕಲಸಿ ಮೇಷ್ಟ್ರೇ,
ಅಡಿಯದು ಮೇಲೆ ಬರಲಿ"
ಎನ್ನುತ್ತಿದ್ದರು ತಹಶೀಲ್ದಾರ್ ಬೆಳ್ಯಪ್ಪ.
ಅವರು ಹೇಳಿದ್ದು ಬರೀ ಕಾಗದದ ಮಾತು.

ಆಮೇಲೆ ಯಂತ್ರ ಬಂತು.
ಯಂತ್ರದ ಮೇಲೆ ನನಗೆ ಅನುಮಾನವಿಲ್ಲ,
ಸುಳ್ಳು ಹೇಳುವುದಿಲ್ಲ ಅದು.
ನನ್ನ ತಕರಾರೇ ಅದು.
ಬೂತು ಬೂತಿನ ನಿಜವನ್ನು
ಬೇರೆ ಬೇರೆಯಾಗಿ, ದೊಡ್ಡ ದನಿಯಲ್ಲಿ
ಹೇಳಿಬಿಡುತ್ತದೆ.

ಅಮ್ಮತ್ತಿಯ ಆಚೆ, ಎಸ್ಟೇಟಿನ ಲೈನಿನ ಪಕ್ಕ,
ಅಂಗನವಾಡಿಯಲ್ಲಿ ನನ್ನ ಕೊನೆಯ ಡ್ಯೂಟಿ.
ಪಟ್ಟಿಯಲ್ಲಿ ಅರವತ್ತೊಂಬತ್ತು ಹೆಸರು,
ಮನೆ ಸಂಖ್ಯೆ ಎಲ್ಲರದೂ ಸೊನ್ನೆ.
ಪಣಿಎರವರ ಬೊಳ್ಳಿ ಬೆರಳು ಚಾಚಿದಳು.
ಕಾಫಿ ಹಣ್ಣಿನ ಕರೆಯ ಮೇಲೆ
ಶಾಯಿ ಹಿಡಿಯಲೇ ಇಲ್ಲ, ಎರಡು ಸಲ ಎಳೆದೆ.
"ಯಾರಿಗೂ ಗೊತ್ತಾಗಲ್ವಾ?"
"ಯಾರಿಗೂ ಗೊತ್ತಾಗಲ್ಲ," ಅಂದೆ.
ಸರ್ಕಾರ ನನ್ನಿಂದ ಹೇಳಿಸಿದ ಮಾತು;
ಆದರೆ ನಾಲಿಗೆ ನನ್ನದೇ.

ನನ್ನ ಮತವೋ?
ಅಂಚೆಯಲ್ಲಿ ಹೋಗಿತ್ತು,
ಲಕೋಟೆಯೊಳಗೆ ಲಕೋಟೆ ತೊಟ್ಟು,
ಪೊಲೀಸರು, ಗುಮಾಸ್ತರು, ಡ್ರೈವರುಗಳ ಮತದ ನಡುವೆ
ಬೆಚ್ಚಗೆ.

ಎಣಿಕೆಯ ದಿನ ಮಧ್ಯಾಹ್ನಕ್ಕೇ
ರೈಟರ್ ಪೌಲೋಸನ ಫೋನಿಗೆ ಹಾಳೆ ಬಂತು.
ಚಲಾಯಿಸಿದ್ದು ಅರವತ್ತಮೂರು.
ಸಾವ್ಕಾರರು ಹೇಳಿದ ಗುರುತಿಗೆ ಹದಿನೇಳು,
ಹೇಳದ ಗುರುತಿಗೆ ನಲವತ್ತೊಂದು,
ಐದು ಯಾರಿಗೂ ಇಲ್ಲ.

ಯಾರೂ ಯಾರನ್ನೂ ಹೊಡೆಯಲಿಲ್ಲ.
ಬೈಯಲೂ ಇಲ್ಲ, ಸಾವ್ಕಾರರು ಮರ್ಯಾದಸ್ಥರು.
ಲೈನಿನ ನಲ್ಲಿಯಲ್ಲಿ ನೀರು ನಿಂತಿತು, ಅಷ್ಟೆ.
ಮೋಟಾರು ಕೆಟ್ಟಿದೆಯಂತೆ.
ಹನ್ನೊಂದು ದಿನ ಕೆಟ್ಟಿತ್ತು.
ಆ ಹದಿನೇಳು ಜನವೂ ತೋಡಿಗೆ ಕೊಡ ಹೊತ್ತರು,
ತಾವು ಹದಿನೇಳರವರೆಂದು
ಯಾರ ಮುಂದೆ ಸಾಬೀತು ಮಾಡಿಯಾರು?

ಅದೇ ತೋಟದ ಕಾಫಿಯನ್ನು ನೋಡಿ.
ಮೂಟೆ ಕುಶಾಲನಗರದ ಕ್ಯೂರಿಂಗಿಗೆ ಹೋಗುತ್ತದೆ,
ಪಾಲಿಬೆಟ್ಟದ್ದು, ಸುಂಟಿಕೊಪ್ಪದ್ದು, ಯಾರ್‍ಯಾರದ್ದೋ ಸೇರಿ
ಒಂದೇ ರಾಶಿ.
ಲೋಟ ಮೂಗಿಗೆ ಹಿಡಿದು ಹೇಳಿ ನೋಡೋಣ,
ಯಾವ ಗಿಡದ್ದು, ಯಾರು ಕುಯ್ದದ್ದು?
ಬೀಜಕ್ಕೆ ಸಿಕ್ಕ ಈ ಮರೆ
ಕುಯ್ದವಳಿಗೆ ಸಿಗಲಿಲ್ಲ.

ಅರ್ಜಿ ಬರೆದೆ, ಪಿಂಚಣಿಯ ಬಿಡುವಿನಲ್ಲಿ.
ಹತ್ತು ಹನ್ನೆರಡು ಬೂತು ಒಟ್ಟಿಗೆ ಕೂಡಿಸಿ
ಒಂದೇ ಮೊತ್ತ ಹೇಳಿ ಸಾಕು,
ಅಂಥ ಉಪಾಯ ಇದೆ, ಹೊಸದೇನಲ್ಲ.
ಪಕ್ಷದ ಹುಡುಗ ನಕ್ಕ:
"ಯಾವ ಬೂತಲ್ಲಿ ಹಿಂದಿದ್ದೀವಿ ಅಂತ ತಿಳೀಬೇಕಲ್ಲ ಸಾರ್,
ಇಲ್ದಿದ್ರೆ ಅಭಿವೃದ್ಧಿ ಹೇಗೆ ಮಾಡೋದು?"
ಎದುರು ಪಕ್ಷದವನೂ
ಅದೇ ಮಾತು ಹೇಳಿದ.
ಈ ಒಂದು ವಿಷಯದಲ್ಲಿ ಅವರ ಒಗ್ಗಟ್ಟು ನೋಡಬೇಕು.

ಮೊನ್ನೆ ಸಿದ್ದಾಪುರದ ಸಂತೆಯಲ್ಲಿ ಬೊಳ್ಳಿ ಸಿಕ್ಕಳು.
ಒಣಮೀನು ಆರಿಸುತ್ತಿದ್ದವಳು
ತಲೆ ಎತ್ತದೆಯೇ ಕೇಳಿದಳು:
"ಮೇಷ್ಟ್ರೇ, ನಿಮಗೆ ಆಫೀಸಲ್ಲಿ ಪರಿಚಯ ಉಂಟಲ್ಲ,
ನಮ್ಮ ಬೂತಿಗೆ ಇನ್ನೊಂದಷ್ಟು ಜನ ಹಾಕಿಸಿ.
ಪೇಟೆಯವರಾದರೂ ಸರಿ, ಯಾರಾದರೂ ಸರಿ.
ಇಷ್ಟೇ ಜನದಲ್ಲಿ
ಅಡಗೋಕೆ ಆಗೋದಿಲ್ಲ."

ಪರಿಚಯ ಇಲ್ಲ ಎನ್ನಲಿಲ್ಲ.
ಅವಳ ಮೀನಿಗೆ ನಾನು ದುಡ್ಡು ಕೊಡಹೋದೆ,
ಬೇಡ ಎಂದಳು.
ಮೀನಿನವ ಒಂದು ಹಿಡಿ ಸಿಗಡಿ, ಒಂದು ಹಿಡಿ ನೆತ್ತಿಲಿ
ಒಂದೇ ಕಾಗದದಲ್ಲಿ ಬೆರೆಸಿ ಕಟ್ಟಿದ.